ಮೊರೆಗಲ್ಲಿಗೆ ನಾನು ಬರೆದ ಸದ್ದಿನ ಕಾಯ್ದೆ

ಮೊರೆಗಲ್ಲಿನಲ್ಲಿ ಹೊತ್ತು ಮುಳುಗಿದ ಮೇಲೆ ಕಬ್ಬಿಣಕ್ಕೆ ಕಬ್ಬಿಣ ತಾಗುವಂತಿಲ್ಲ. ಆ ಊರಿಗಾಗಿ ನಾನು ಬರೆದ ಕಾಯ್ದೆಯ ಮೊದಲ ಸಾಲು ಇದು. ಈಗ ಈ ಸಾಲು ಕಾಯ್ದೆಯಲ್ಲಿ ಇಲ್ಲ. ಅದು ಯಾಕೆ ಹೋಯಿತು, ಅದರ ಜಾಗಕ್ಕೆ ಏನು ಬಂತು ಎನ್ನುವುದನ್ನು ಬರೆಯುತ್ತಿದ್ದೇನೆ.

ಮೊರೆಗಲ್ಲು ಯಾವ ನಕ್ಷೆಯಲ್ಲೂ ಸಿಗುವುದಿಲ್ಲ. ಮಡಿಕೇರಿ, ಮಾದಾಪುರ, ಸೋಮವಾರಪೇಟೆ ಕಡೆಯ ನಾವು ಕೆಲವು ಗೆಳೆಯರು ಸೇರಿ ಕಟ್ಟಿದ ಕಲ್ಪನೆಯ ಊರು ಅದು. ಮೇಜಿನ ಸುತ್ತ ಕೂತು ಆಡುವ ರೋಲ್‌ಪ್ಲೇಯಿಂಗ್ ಗೇಮ್ ಗೊತ್ತಲ್ವಾ? ಒಬ್ಬರು ಕಥೆ ನಡೆಸುತ್ತಾರೆ. ಉಳಿದವರು ಒಬ್ಬೊಬ್ಬರು ಒಂದೊಂದು ಪಾತ್ರ ಹಿಡಿದು, ದಾಳ ಉರುಳಿಸುತ್ತಾ ಆ ಕಥೆಯೊಳಗೆ ಓಡಾಡುತ್ತಾರೆ. ಕೊಡಗಿನ ಮಳೆಗಾಲಕ್ಕೆ ಇದಕ್ಕಿಂತ ಒಳ್ಳೆಯ ಆಟ ಇಲ್ಲ. ಜೋರು ಮಳೆಯ ವಾರಗಳಲ್ಲಿ ತೋಟದ ಕೆಲಸ ನಿಲ್ಲುತ್ತದೆ. ಲೈನ್ ಮೇಲೆ ಮರ ಬಿದ್ದು ಕರೆಂಟ್ ಹೋಗುತ್ತದೆ. ಹಿಂದೆಯೇ ಮೊಬೈಲ್ ನೆಟ್‌ವರ್ಕ್ ಕೂಡ ಹೋಗುತ್ತದೆ. ಉಳಿಯುವುದು ಒಂದು ಲಾಟೀನು, ಕಾಫಿ, ಮಾತು.

ಊರು ಕಟ್ಟುವ ಕೆಲಸ ಹಂಚಿಕೊಂಡೆವು. ಒಬ್ಬಳು ನಕ್ಷೆ ಬರೆದಳು. ಒಬ್ಬ ಸಂತೆ ಮತ್ತು ಊಟ ನೋಡಿಕೊಂಡ. ಇನ್ನೊಬ್ಬನಿಗೆ ದೇವರುಗಳು. ನನ್ನ ಪಾಲಿಗೆ ಬಂದದ್ದು ಕಾನೂನು. ಅದರಲ್ಲೂ ಸದ್ದಿನ ಕಾನೂನು. ಯಾಕೆಂದರೆ ನಕ್ಷೆ ಬರೆದವಳು ಊರನ್ನು ಬಟ್ಟಲಿನಂಥ ಕಣಿವೆಯಲ್ಲಿ ಇಟ್ಟಿದ್ದಳು. ಮೂರು ಕಡೆ ನೇರ ಎದ್ದ ಬಂಡೆ, ಒಂದು ಕಡೆ ಜಲಪಾತ. ಆ ಬಂಡೆಗೆ ಅವಳು ಒಂದೇ ಒಂದು ಮಾಯೆ ಕೊಟ್ಟಿದ್ದಳು. ಹಗಲಿರುಳು ತನ್ನ ಮೇಲೆ ಬಿದ್ದ ಸದ್ದನ್ನೆಲ್ಲ ಅದು ನುಂಗಿಕೊಳ್ಳುತ್ತದೆ. ಏಳನೇ ರಾತ್ರಿ ಎಲ್ಲವನ್ನೂ ಒಟ್ಟಿಗೆ ಹೊರಗೆ ಬಿಡುತ್ತದೆ. ಅಳತೆ ಮೀರಿದರೆ ಬಂಡೆ ಬಿರಿಯುತ್ತದೆ.

ಉಳಿದ ಭೌತಶಾಸ್ತ್ರ ಎಲ್ಲ ನಮ್ಮ ಲೋಕದ್ದೇ ಇರಬೇಕು ಎಂದು ನಾನು ಹಟ ಹಿಡಿದೆ. ಎಲ್ಲದಕ್ಕೂ ಮಾಯೆಯೇ ಉತ್ತರ ಆದರೆ ಕಾಯ್ದೆಗೆ ಕೆಲಸವೇ ಇರುವುದಿಲ್ಲ.

ಮೊದಲು ಲೆಕ್ಕ ಹಾಕಿ ನೋಡಿದೆ. ಸದ್ದಿನ ಅಳತೆಯಾದ ಡೆಸಿಬೆಲ್ ನಾವು ಸಾಮಾನ್ಯವಾಗಿ ಕೂಡಿಸುವ ಹಾಗೆ ಕೂಡುವುದಿಲ್ಲ. 10 ಡೆಸಿಬೆಲ್ ಹೆಚ್ಚಿದರೆ ಸದ್ದಿನ ಶಕ್ತಿ ಹತ್ತು ಪಟ್ಟು ಆಗುತ್ತದೆ. ನಮ್ಮ ಕಿವಿಗೆ ಮಾತ್ರ ಅದು ಸುಮಾರು ಎರಡು ಪಟ್ಟು ಜೋರಾದ ಹಾಗೆ ಕೇಳುತ್ತದೆ. ಒಂದೇ ಮಟ್ಟದ ಎರಡು ಸದ್ದು ಸೇರಿದರೆ ಬರೀ 3 ಡೆಸಿಬೆಲ್ ಏರುತ್ತದೆ. ಹಾಗಾದರೆ ದಿನಕ್ಕೆ 60ರಂತೆ ಏಳು ದಿನ ನುಂಗಿದ ಸದ್ದನ್ನು ಬಂಡೆ ಒಂದೇ ರಾತ್ರಿ ಬಿಟ್ಟರೆ ಎಷ್ಟಾಗುತ್ತದೆ? 420 ಅಲ್ಲ. ಸುಮಾರು 68.5.

ಆಮೇಲೆ ಅರಮನೆಯ ನಗಾರಿಯ ಲೆಕ್ಕ ಹಾಕಿದೆ. ಒಬ್ಬ ಕಮ್ಮಾರನ ಸುತ್ತಿಗೆ ಬಂಡೆಯ ಬುಡದಲ್ಲಿ 60 ಎಂದು ಇಟ್ಟುಕೊಳ್ಳಿ. ದಿನಾ ಸಂಜೆ ಬಾರಿಸುವ ನಗಾರಿ 80. ಎರಡೂ ಸೇರಿದರೆ 80.04. ಕಮ್ಮಾರನ ಬಾಯಿ ಮುಚ್ಚಿಸಿದರೆ ಊರಿಗೆ ಉಳಿಯುವುದು ಆ 0.04 ಮಾತ್ರ. ನೂರು ಕಮ್ಮಾರರು ಒಟ್ಟಿಗೆ ಬಡಿದರೆ ಒಂದು ನಗಾರಿಗೆ ಸಮ.

ಕಬ್ಬಿಣದ ಸಾಲು ಹೋದದ್ದು ಇಲ್ಲಿಯೇ. ಬಂಡೆಯನ್ನು ಉಳಿಸುತ್ತೇವೆ ಎಂದು ಹೇಳಿ ಕಮ್ಮಾರರ ಕೇರಿಯನ್ನು ಮಲಗಿಸುವುದು, ನಗಾರಿಯನ್ನು ಹಾಗೇ ಬಿಡುವುದು, ಇದು ಸುಳ್ಳು ಕಾನೂನು. ಊರಿನ ಅತಿ ದೊಡ್ಡ ಸದ್ದು ಯಾರದ್ದು ಎನ್ನುವುದರಿಂದಲೇ ಕಾಯ್ದೆ ಶುರುವಾಗಬೇಕು. ಹೊಸ ಮೊದಲ ಸಾಲು ಹೀಗಾಯಿತು: "ಪ್ರತಿ ಏಳು ದಿನಕ್ಕೊಮ್ಮೆ ಊರಿನ ಅತಿ ಜೋರಾದ ಮೂರು ಸದ್ದುಗಳನ್ನು ಗುರುತಿಸಿ, ಅವನ್ನು ಮಾಡಿದವರ ಹೆಸರನ್ನು ಸಂತೆಯಲ್ಲಿ ಕೂಗಿ ಹೇಳತಕ್ಕದ್ದು. ಆ ಮೂರೂ ತಗ್ಗುವ ತನಕ ನಾಲ್ಕನೆಯದನ್ನು ಪ್ರಶ್ನಿಸುವಂತಿಲ್ಲ."

ಹಳೆಯ ಊರುಗಳು ಏನು ಮಾಡಿದ್ದವು ಎಂದೂ ಹುಡುಕಿ ಓದಿದೆ. ಪ್ರಾಚೀನ ಗ್ರೀಕರ ಸಿಬರಿಸ್ ನಗರದಲ್ಲಿ ಕಮ್ಮಾರರಿಗೆ, ಬಡಗಿಗಳಿಗೆ ಊರೊಳಗೆ ಜಾಗ ಇರಲಿಲ್ಲವಂತೆ. ಹುಂಜ ಸಾಕುವಂತೆಯೂ ಇರಲಿಲ್ಲ ಎಂದು ಗ್ರೀಕ್ ಲೇಖಕ ಅಥೆನಿಯಸ್ ಬರೆದಿದ್ದಾನೆ. ಸುಖವಾಗಿ ನಿದ್ದೆ ಮಾಡುವವರು ಸೇರಿ ಮಾಡಿದ ಕಾನೂನು ಅದು. ರೋಮ್‌ನಲ್ಲಿ ಜೂಲಿಯಸ್ ಸೀಸರ್‌ನ ಕಾಲದಲ್ಲಿ ಹಗಲು ಹೊತ್ತು ಬೀದಿಯಲ್ಲಿ ಗಾಡಿ ಓಡಿಸುವುದಕ್ಕೆ ತಡೆ ಬಂತು. ಗಾಡಿಗಳೆಲ್ಲ ರಾತ್ರಿಗೆ ಹೋದವು. ರೋಮ್‌ನಲ್ಲಿ ನಿದ್ದೆ ಮಾಡಬೇಕಾದರೆ ದುಡ್ಡು ಬೇಕು ಎಂದು ಆಮೇಲೆ ಬಂದ ಕವಿ ಜುವೆನಾಲ್ ಗೊಣಗಿದ. ತಡೆದ ಸದ್ದು ಮಾಯ ಆಗುವುದಿಲ್ಲ. ಬೇರೆ ಹೊತ್ತಿಗೆ, ಬೇರೆಯವರ ಕಿವಿಗೆ ಹೋಗುತ್ತದೆ. ಮೊರೆಗಲ್ಲಿನ ಕಾಯ್ದೆಯಲ್ಲಿ ಏನನ್ನಾದರೂ ನಿಲ್ಲಿಸಿದರೆ, ಅದು ಎಲ್ಲಿಗೆ ಹೋಗುತ್ತದೆ ಎಂದು ಅದೇ ಸಾಲಿನಲ್ಲಿ ಬರೆಯಲೇಬೇಕು ಎಂದು ತೀರ್ಮಾನ ಮಾಡಿದೆ.

ನಂತರ ನಮ್ಮ ದೇಶದ ನಿಯಮವನ್ನೇ ಕೂತು ಓದಿದೆ. 1986ರ ಪರಿಸರ ಸಂರಕ್ಷಣಾ ಕಾಯ್ದೆಯ ಅಡಿಯಲ್ಲಿ 2000ದಲ್ಲಿ ಬಂದ ಶಬ್ದ ಮಾಲಿನ್ಯ ನಿಯಮಗಳು. ಬೆಳಿಗ್ಗೆ 6ರಿಂದ ರಾತ್ರಿ 10ರವರೆಗೆ ಹಗಲು, ಉಳಿದದ್ದು ರಾತ್ರಿ. ಮನೆಗಳಿರುವ ಕಡೆ ಹಗಲು 55, ರಾತ್ರಿ 45 ಡೆಸಿಬೆಲ್. ಅಂಗಡಿ ಬೀದಿಯಲ್ಲಿ 65 ಮತ್ತು 55. ಕೈಗಾರಿಕೆ ಇರುವಲ್ಲಿ 75 ಮತ್ತು 70. ಆಸ್ಪತ್ರೆ, ಶಾಲೆ, ಕೋರ್ಟಿನ ಸುತ್ತ ಕನಿಷ್ಠ 100 ಮೀಟರ್ ಜಾಗವನ್ನು ನಿಶ್ಶಬ್ದ ವಲಯ ಎಂದು ಘೋಷಿಸಬಹುದು, ಅಲ್ಲಿ 50 ಮತ್ತು 40. ರಾತ್ರಿ 10ರ ಮೇಲೆ ಬಯಲಲ್ಲಿ ಧ್ವನಿವರ್ಧಕ ಇಲ್ಲ. ಹಬ್ಬ, ಸಾಂಸ್ಕೃತಿಕ ಕಾರ್ಯಕ್ರಮಗಳಿಗೆ ವರ್ಷದಲ್ಲಿ 15 ದಿನ ಮೀರದಂತೆ ರಾತ್ರಿ 12 ಗಂಟೆಯವರೆಗೆ ಸರ್ಕಾರ ರಿಯಾಯಿತಿ ಕೊಡಬಹುದು. ಮಿತಿಗಿಂತ 10 ಡೆಸಿಬೆಲ್ ಅಥವಾ ಹೆಚ್ಚು ಮೀರಿದರೆ ಯಾರು ಬೇಕಾದರೂ ದೂರು ಕೊಡಬಹುದು. ಚೊಕ್ಕವಾದ ನಿಯಮಗಳು. ಹಗಲು ರಾತ್ರಿಗೆ ಬೇರೆ ಬೇರೆ ಅಳತೆ ಎನ್ನುವುದನ್ನು ನಾನು ಹಾಗೇ ತೆಗೆದುಕೊಂಡೆ. ಅದಕ್ಕೆ ನಿದ್ದೆಯ ಜೊತೆಗೆ ಇನ್ನೊಂದು ಕಾರಣವೂ ಇದೆ. ಚಳಿಗಾಲದ ರಾತ್ರಿ ನೆಲದ ಹತ್ತಿರದ ಗಾಳಿ ತಣ್ಣಗಾಗುತ್ತದೆ, ಮೇಲಿನದು ಸ್ವಲ್ಪ ಬೆಚ್ಚಗೆ ಉಳಿಯುತ್ತದೆ. ಆಗ ಸದ್ದು ಮೇಲೆ ಹೋಗದೆ ನೆಲದ ಕಡೆಗೆ ಬಾಗುತ್ತದೆ. ಡಿಸೆಂಬರ್‌ನಲ್ಲಿ ಕಣಿವೆಯ ಆಚೆ ಬದಿಯ ಮಾತು ನಮ್ಮ ಅಂಗಳಕ್ಕೆ ಕೇಳಿಸುವುದು ಇದೇ ಕಾರಣಕ್ಕೆ.

ಆದರೆ 55 ಎಂಬ ಅಂಕಿ ನಮ್ಮ ಮಳೆಗಾಲಕ್ಕೆ ಹೊಂದುವುದಿಲ್ಲ. ಫೋನಿನಲ್ಲಿ ಸದ್ದು ಅಳೆಯುವ ಆ್ಯಪ್ ಹಾಕಿಕೊಂಡು ತೋಟದಲ್ಲೆಲ್ಲ ಓಡಾಡಿದೆ. ಫೋನಿನ ಅಳತೆ ಪಕ್ಕಾ ಅಲ್ಲ, ಹೋಲಿಸಿ ನೋಡುವುದಕ್ಕೆ ಸಾಕು. ಜೀರುಂಡೆಗಳು ಶುರು ಮಾಡಿದರೆ, ಶೀಟಿನ ಮೇಲೆ ಮಳೆ ಹೊಡೆದರೆ, ಮನುಷ್ಯರು ಬಾಯಿ ಬಿಡುವ ಮೊದಲೇ ಮುಳ್ಳು 55 ದಾಟಿರುತ್ತದೆ. ಏಪ್ರಿಲ್ ಮಧ್ಯಾಹ್ನ ಅದೇ ಅಂಗಳದಲ್ಲಿ ಒಣ ಎಲೆ ಬಿದ್ದರೂ ಕೇಳುತ್ತದೆ. ಹಾಗಾಗಿ ಮೊರೆಗಲ್ಲಿಗೆ ಎರಡು ಪಟ್ಟಿ ಮಾಡಿದೆ. ಒಂದು ಮಳೆಯ ಪಟ್ಟಿ, ಒಂದು ಬಿಸಿಲ ಪಟ್ಟಿ. ಎರಡರಲ್ಲೂ ಅಳತೆ ಶುರುವಾಗುವುದು ಜಲಪಾತದ ಸದ್ದಿನಿಂದ. ಮನುಷ್ಯರ ಸದ್ದು ಜಲಪಾತವನ್ನು ಮುಚ್ಚಿಹಾಕಬಾರದು, ಅಷ್ಟೆ.

ಇಷ್ಟಾದಾಗ ಆಡಿ ನೋಡಿದೆವು. ಎಲ್ಲರಿಗೂ ಒಂದೇ ಕೆಲಸ ಕೊಟ್ಟಿದ್ದೆ: ಈ ಕಾಯ್ದೆಯನ್ನು ಮುರಿಯಿರಿ. ಸಂತೆಯ ಗೆಳೆಯ ಶ್ರೀಮಂತ ನೇಕಾರನಾದ. ತನ್ನ ಮಗ್ಗದ ಮನೆಗೆ ದಪ್ಪ ಗೋಡೆ ಕಟ್ಟಿಸಿ, ಹೊರಗಿನ ಅಳತೆಯನ್ನು ಮಿತಿಯೊಳಗೆ ಇಟ್ಟ. ಒಳಗೆ ಮಗ್ಗ ನಡೆಸುವ ಹುಡುಗರ ಕಿವಿ ಹೋಯಿತು. ಕಾಯ್ದೆಯಲ್ಲಿ ಅದಕ್ಕೆ ಒಂದು ಮಾತೂ ಇರಲಿಲ್ಲ. ನಮ್ಮ ಡಿಸೆಂಬರ್, ಜನವರಿಯ ಪಲ್ಪರ್ ಮನೆಗಳನ್ನು, ಅಂದರೆ ಯಂತ್ರದಲ್ಲಿ ಕಾಫಿ ಹಣ್ಣಿನ ಸಿಪ್ಪೆ ತೆಗೆಯುವ ಮನೆಗಳನ್ನು, ಕಂಡವರಿಗೆ ಇದು ಬೇಗ ಅರ್ಥ ಆಗುತ್ತದೆ. ಯಂತ್ರದ ಪಕ್ಕ ದಿನವಿಡೀ ನಿಂತವರು ಮನೆಗೆ ಬಂದ ಮೇಲೂ ಕೂಗಿಯೇ ಮಾತಾಡುತ್ತಾರೆ. ಅಳತೆಯ ಜಾಗವನ್ನು ಬದಲಿಸಿದೆ. ನಮ್ಮ ದೇಶದ ನಿಯಮದಲ್ಲಿ ಖಾಸಗಿ ಧ್ವನಿವರ್ಧಕವನ್ನು ಅಳೆಯುವುದು ಆ ಜಾಗದ ಗಡಿಯಲ್ಲಿ. ಮೊರೆಗಲ್ಲಿನಲ್ಲಿ ಅಳೆಯುವುದು ಕೇಳುವವರ ಕಿವಿಯ ಹತ್ತಿರ. ಅದು ನೆರೆಮನೆಯ ಹಾಸಿಗೆ ಇರಬಹುದು, ಮಗ್ಗದ ಪಕ್ಕದ ಸ್ಟೂಲ್ ಇರಬಹುದು.

ದಂಡದ ವಿಷಯದಲ್ಲಿ ಜಗಳ ಬೇಗ ಮುಗಿಯಿತು. ದುಡ್ಡಿನ ದಂಡ ಇಟ್ಟರೆ ಉಳ್ಳವರಿಗೆ ಅದು ಸದ್ದು ಮಾಡುವ ಲೈಸೆನ್ಸ್ ಆಗುತ್ತದೆ. ಅದಕ್ಕೇ ತಪ್ಪು ಮಾಡಿದವರು ಏಳನೇ ರಾತ್ರಿ ಬಂಡೆಯ ಬುಡದಲ್ಲಿ ಕೂರಬೇಕು. ತಾವು ಮಾಡಿದ ಸದ್ದು ವಾಪಸ್ ಬರುವಾಗ ಪೂರ್ತಿ ಕೇಳಬೇಕು. ರಾಜನೇ ಆದರೂ ಬದಲಿಗೆ ಆಳು ಕಳಿಸುವಂತಿಲ್ಲ.

ಕಾಯ್ದೆಯ ನಡುಮನೆ ಅಂತ ನಾನು ಅಂದುಕೊಂಡಿರುವ ಭಾಗ ಇನ್ನೂ ಬಂದಿರಲಿಲ್ಲ. ಅದು ಬಂದದ್ದು ಪಕ್ಕದ ಐನ್‌ಮನೆಯ, ಅಂದರೆ ಕುಲದ ಮೂಲಮನೆಯ, ಹಿರಿಯರ ಜೊತೆ ಮಾತಾಡುವಾಗ. ನಮ್ಮದು ಅರೆಭಾಷೆ ಮಾತಾಡುವ ಮನೆ. ಅವರದು ಕೊಡವರ ಮನೆ. ಗುಂಡಿನ ಸದ್ದಿನ ಬಗ್ಗೆ ಕೇಳಿದೆ. ಕೊಡವರ ಪದ್ಧತಿಯಲ್ಲಿ ಗಂಡು ಮಗು ಹುಟ್ಟಿದರೆ ಒಂದು ಗುಂಡು. ಸಾವಾದರೆ ಒಂದರ ಹಿಂದೆ ಒಂದು, ಎರಡು ಗುಂಡು. ಸುಗ್ಗಿ ಹಬ್ಬವಾದ ಪುತ್ತರಿಯಲ್ಲಿ ಕದಿರು ತೆಗೆಯುವಾಗ ಒಂದು, ಆಗ "ಪೊಲಿ ಪೊಲಿ ದೇವಾ" ಎಂಬ ಕೂಗು. ಎರಡು ಗುಂಡು ಕೇಳಿದರೆ ಯಾರೂ ಹೇಳಿಕೆಗೆ ಕಾಯುತ್ತಿರಲಿಲ್ಲ, ಕೈಲಿದ್ದ ಕೆಲಸ ಬಿಟ್ಟು ಸದ್ದು ಬಂದ ದಿಕ್ಕಿಗೆ ನಡೆಯುತ್ತಿದ್ದರು ಎಂದು ಅವರು ಹೇಳಿದರು. ಫೋನ್ ಇಲ್ಲದ, ಮನೆಯಿಂದ ಮನೆಗೆ ಒಂದು ಗುಡ್ಡ ದಾಟಬೇಕಾದ ಊರಿನಲ್ಲಿ ಇದಕ್ಕಿಂತ ಬೇಗ ಸುದ್ದಿ ಮುಟ್ಟಿಸುವುದು ಹೇಗೆ?

ಕೋವಿಯ ಸದ್ದು ಯಾವ ಪಟ್ಟಿಯ ಮಿತಿಯನ್ನೂ ಮೀರುತ್ತದೆ. ನನ್ನ ಕಾಯ್ದೆ ಹಾಗೇ ಇದ್ದಿದ್ದರೆ, ಸಾವಿನ ಸುದ್ದಿ ಕೊಟ್ಟ ಮನೆಯವರು ಬಂಡೆಯ ಬುಡದಲ್ಲಿ ಕೂರಬೇಕಾಗುತ್ತಿತ್ತು. ಅಂದೇ ಮನೆಗೆ ಬಂದು ಹೊಸ ಭಾಗ ಬರೆದೆ. ಅದರ ಹೆಸರು "ಸುದ್ದಿಯ ಸದ್ದು." ಹುಟ್ಟು, ಸಾವು, ಬೆಂಕಿ, ನೆರೆ, ಕಾಡುಪ್ರಾಣಿ, ಕಳೆದುಹೋದ ಮಗು, ಇವುಗಳಿಗೆ ಮಿತಿ ಇಲ್ಲ, ಹೊತ್ತಿನ ತಡೆ ಇಲ್ಲ, ಅನುಮತಿ ಬೇಡ. ನಮ್ಮ 2000ದ ನಿಯಮದಲ್ಲೂ ಸಾರ್ವಜನಿಕ ತುರ್ತಿಗೆ ವಿನಾಯಿತಿ ಇದೆ. ಅಲ್ಲಿ ಅದು ನಡುವೆ ಬರುವ ಒಂದು ತುಂಡು ವಾಕ್ಯ. ಮೊರೆಗಲ್ಲಿನಲ್ಲಿ ಅದನ್ನು ಎತ್ತಿ ಎಲ್ಲಕ್ಕಿಂತ ಮುಂದೆ ಇಟ್ಟೆ. ಏನು ಮಾಡಬಾರದು ಎಂದು ಹೇಳುವ ಮೊದಲು, ಯಾವುದನ್ನು ಎಂದೂ ತಡೆಯಬಾರದು ಎಂದು ಹೇಳಬೇಕು.

ನಕ್ಷೆಯ ಗೆಳತಿ ಇದನ್ನು ಓದಿ ಇನ್ನೊಂದು ತಿದ್ದುಪಡಿ ತಂದಳು. ಮೊರೆಗಲ್ಲಿನಲ್ಲಿ ಯಾವ ಮಗು ಹುಟ್ಟಿದರೂ ಒಂದೇ ಸದ್ದು, ಗಂಡು ಹೆಣ್ಣು ಭೇದ ಇಲ್ಲ. ಯಾರೂ ಎದುರು ಮಾತಾಡಲಿಲ್ಲ. ಅವಳು ಅಲ್ಲಿಗೂ ಬಿಡಲಿಲ್ಲ. ಕಿವಿ ಕೇಳದವರಿಗೆ ಎಚ್ಚರಿಕೆ ಹೇಗೆ ಮುಟ್ಟುತ್ತದೆ ಎಂದು ಕೇಳಿದಳು. ದೀಪ ಎಂದೆ. ನಮ್ಮ ಜುಲೈ ಮಂಜಿನಲ್ಲಿ ಹತ್ತು ಹೆಜ್ಜೆ ಆಚೆಯ ದೀಪ ಕಾಣುತ್ತದಾ ಎಂದು ಕೇಳಿದಳು. ಮಡಿಕೇರಿಯಲ್ಲಿ ಹಗಲೇ ಹೆಡ್‌ಲೈಟ್ ಹಾಕಿಕೊಂಡು ಹೋಗುವವರು ನಾವು. ಕೊನೆಗೆ ಹಗ್ಗ ಗೆದ್ದಿತು. ಮನೆಯಿಂದ ಮನೆಗೆ ಬಿಗಿಯಾಗಿ ಕಟ್ಟಿದ ಹಗ್ಗ. ಗಂಟೆ ಬಾರಿಸುವವರು ಅದನ್ನೂ ಎಳೆಯಬೇಕು. ಹಾಸಿಗೆಯ ಕಾಲು ಅಲುಗುತ್ತದೆ. ಮೊರೆಗಲ್ಲಿನ ಬೀದಿಗಳ ಮೇಲೆಲ್ಲ ಈಗ ಹಗ್ಗಗಳಿವೆ. ಆ ಊರಿನ ಚಿತ್ರ ಬರೆಯುವಾಗ ನನಗೆ ತುಂಬಾ ಇಷ್ಟವಾಗುವುದು ಅವೇ.

ಇನ್ನು 2018. ಆ ಆಗಸ್ಟ್ ತಿಂಗಳು ನಮ್ಮ ಕಡೆಯವರಿಗೆ ಮರೆಯುವಂಥದ್ದಲ್ಲ. ಗುಡ್ಡಗಳು ಜಾರಿದವು. ಮನೆ, ತೋಟ, ರಸ್ತೆ ಹೋದವು. ಜನ ಹೋದರು. ಗುಡ್ಡ ಜಾರುವ ಮೊದಲು ಕೆಲವು ಸಲ ಸೂಚನೆ ಸಿಗುತ್ತದೆ. ಗೋಡೆಯಲ್ಲಿ, ನೆಲದಲ್ಲಿ ಬಿರುಕು. ತೊರೆಯ ನೀರು ಇದ್ದಕ್ಕಿದ್ದಂತೆ ಕೆಂಪಾಗುವುದು, ಇಲ್ಲವೇ ಕಡಿಮೆಯಾಗುವುದು. ಮರ ಮುರಿಯುವ, ಕಲ್ಲು ಒಂದಕ್ಕೊಂದು ತಾಗುವ ಸದ್ದು. ಇದರಲ್ಲಿ ಕೆಲವು ಕಿವಿಗೇ ತಿಳಿಯಬೇಕು. ಜನರೇಟರ್ ಓಡುತ್ತಿದ್ದರೆ, ಟಿವಿ ಕೂಗುತ್ತಿದ್ದರೆ ಯಾರಿಗೆ ಕೇಳುತ್ತದೆ? ತೋಟದಲ್ಲೂ ಇದೇ ಕಥೆ. ಕಳೆ ಕೊಚ್ಚುವ ಮಿಷನ್ ಹೆಗಲಿಗೆ ಹಾಕಿಕೊಂಡವನಿಗೆ ಹಿಂದಿನ ಸಾಲಿನಲ್ಲಿ ಆನೆ ಬಿದಿರು ಮುರಿಯುವುದು ಕೇಳುವುದಿಲ್ಲ. ಮೊದಲೆಲ್ಲ ಕತ್ತಿ ಹಿಡಿದು ಕಳೆ ತೆಗೆಯುವಾಗ ಒಂದು ಕೊಂಬೆ ಮುರಿದರೂ ಎಲ್ಲರೂ ತಲೆ ಎತ್ತುತ್ತಿದ್ದರು. ಸದ್ದು ಜಾಸ್ತಿಯಾದರೆ ಕಿರಿಕಿರಿ ಎಂದು ಮಾತ್ರ ನಾವು ಹೇಳುತ್ತೇವೆ. ಅದು ನಮ್ಮ ಕಿವಿಯನ್ನೇ ಕಿತ್ತುಕೊಳ್ಳುತ್ತದೆ ಎನ್ನುವುದು ದೊಡ್ಡ ವಿಷಯ. ಪ್ರಾಣ ಹೋಗುವ ವಿಷಯ.

ಭೂಕಂಪ ಆದ ಕಡೆ ರಕ್ಷಣಾ ತಂಡದವರು ನಡುನಡುವೆ ಎಲ್ಲ ಯಂತ್ರ ನಿಲ್ಲಿಸಿ, ಮಾತು ನಿಲ್ಲಿಸಿ, ಅವಶೇಷದ ಅಡಿಯಿಂದ ಯಾರಾದರೂ ಕೂಗುತ್ತಿದ್ದಾರಾ ಎಂದು ಕಿವಿಗೊಡುತ್ತಾರೆ. ಅದರಿಂದ ಮೊರೆಗಲ್ಲಿನ "ಕೇಳುವ ಗಳಿಗೆ" ಬಂತು. ಬಿಡದೆ ಮಳೆ ಹೊಯ್ಯುವ ದಿನಗಳಲ್ಲಿ, ಕತ್ತಲಾದಾಗ ಒಮ್ಮೆ, ನಡುರಾತ್ರಿ ಒಮ್ಮೆ, ಊರೆಲ್ಲ ಕೈ ನಿಲ್ಲಿಸಬೇಕು. ಮಗ್ಗ, ಗಿರಣಿ, ನಗಾರಿ, ಹಾಡು ಎಲ್ಲ ನಿಲ್ಲಬೇಕು. ಪ್ರತಿ ಕೇರಿಯಿಂದ ಒಬ್ಬರು ಬಂಡೆಗೆ ಕಿವಿ ಇಟ್ಟು, ಕೇಳಿದ್ದನ್ನು ಪುಸ್ತಕದಲ್ಲಿ ಬರೆಯಬೇಕು. ಸದ್ದು ಕೇಳಿತು ಎಂದು ತಪ್ಪಾಗಿ ಊರನ್ನು ಎಬ್ಬಿಸಿದರೂ ಅವರಿಗೆ ಶಿಕ್ಷೆ ಇಲ್ಲ. ಈ ಕೊನೆಯ ವಾಕ್ಯಕ್ಕೆ ದೇವರುಗಳ ಗೆಳೆಯ ಒಪ್ಪಲಿಲ್ಲ. ಸುಳ್ಳು ಎಚ್ಚರಿಕೆ ಜಾಸ್ತಿಯಾದರೆ ಜನ ಕೇಳುವುದನ್ನೇ ಬಿಡುತ್ತಾರೆ ಅಂದ. ಸರಿಯಾದ ಮಾತೇ. ಆದರೆ ಶಿಕ್ಷೆಯ ಹೆದರಿಕೆ ಇದ್ದವನು ಅನುಮಾನ ಬಂದಾಗ ಸುಮ್ನೆ ಇದ್ದುಬಿಡುತ್ತಾನೆ. ಆ ರಾತ್ರಿಗಳನ್ನು ಕಂಡವನಾಗಿ ನಾನು ಆ ವಾಕ್ಯವನ್ನು ಬಿಟ್ಟುಕೊಡಲಿಲ್ಲ. ಪುಸ್ತಕವನ್ನು ಸಂತೆಯ ದಿನ ಎಲ್ಲರೆದುರು ಓದಬೇಕು ಎಂದು ಸೇರಿಸಿದ ಮೇಲೆ ಅವನೂ ಒಪ್ಪಿದ.

ಹಬ್ಬದ ಕಲಮು ಮಾತ್ರ ನಮ್ಮನ್ನು ಎರಡು ಹೋಳು ಮಾಡಿದೆ. ನಮ್ಮಲ್ಲೊಬ್ಬ ಮಡಿಕೇರಿ ಪೇಟೆಯವನು. ವಿಜಯದಶಮಿಯ ರಾತ್ರಿ ದಸರಾ ಮೆರವಣಿಗೆಯ ಹತ್ತು ಮಂಟಪಗಳು ದೀಪ, ಸದ್ದು ಸಮೇತ ಬೀದಿಗೆ ಇಳಿಯುವುದನ್ನು ನೋಡುತ್ತಲೇ ಬೆಳೆದವನು. ವರ್ಷಕ್ಕೆ ಒಂದು ರಾತ್ರಿಯಾದರೂ ಊರು ಪೂರ್ತಿ ಕೂಗಬೇಕು, ಇಲ್ಲದಿದ್ದರೆ ಅದು ಊರೇ ಅಲ್ಲ ಎನ್ನುವುದು ಅವನ ವಾದ. ಇನ್ನೊಬ್ಬಳ ಮನೆಯಲ್ಲಿ ಹೃದಯದ ಕಾಯಿಲೆಯ ತಂದೆ ಇದ್ದಾರೆ. ಡಿಜೆಯ ಬಾಸ್ ಬಂದರೆ ಕಿಟಕಿ ಗಾಜಿನ ಜೊತೆ ಅವರ ಎದೆಯೂ ನಡುಗುತ್ತದೆ. ಇಬ್ಬರೂ ಹೇಳುವುದು ನಿಜ.

ದಾರಿ ಅರ್ಧ ತೋರಿಸಿದ್ದು ನಮ್ಮ ಹಳ್ಳಿಗಳ ಕಟ್ಟು. ಊರ ದೇವರ ಹಬ್ಬಕ್ಕೆ ಕಟ್ಟು ಬಿದ್ದರೆ ಹಬ್ಬ ಮುಗಿಯುವ ತನಕ ಹಸಿ ಮರ ಕಡಿಯಬಾರದು, ಪ್ರಾಣಿ ಕೊಲ್ಲಬಾರದು. ಮೊದಲು ಕೈ ಕಟ್ಟಿಕೊಂಡು, ಆಮೇಲೆ ಹಬ್ಬ. ಮೊರೆಗಲ್ಲಿನಲ್ಲೂ ಹಾಗೇ ಮಾಡಿದೆವು. ಹಬ್ಬದ ಹಿಂದಿನ ಆರು ದಿನ ನಗಾರಿ, ಗಿರಣಿ, ದೊಡ್ಡ ಮಗ್ಗಗಳು ಬಂದ್. ಬಂಡೆ ಹೆಚ್ಚುಕಡಿಮೆ ಖಾಲಿ ಇರುತ್ತದೆ. ಏಳನೇ ರಾತ್ರಿ ಊರು ಕೂಗಬಹುದು, ಬಂಡೆ ತಡೆದುಕೊಳ್ಳುತ್ತದೆ. ಬಂಡೆಯ ಲೆಕ್ಕ ಸರಿಹೋಯಿತು. ಕಾಯಿಲೆಯವರ ಲೆಕ್ಕ ಆಗಲಿಲ್ಲ. ಅವರನ್ನು ಆ ರಾತ್ರಿ ಜಲಪಾತದ ಆಚೆಯ ಛತ್ರಕ್ಕೆ ಊರಿನ ಖರ್ಚಿನಲ್ಲಿ ಸಾಗಿಸುವುದು ಎಂದು ಬಹುಮತದಿಂದ ಪಾಸಾಗಿದೆ. ನಾನು ವಿರುದ್ಧ ಕೈ ಎತ್ತಿದೆ. ಮೊದಲ ಸಾಲಿನಲ್ಲಿ ದೊಡ್ಡ ಸದ್ದನ್ನು ತಗ್ಗಿಸಿ ಎಂದು ಬರೆದವರು, ಕೊನೆಯ ಸಾಲಿನಲ್ಲಿ ಮುದುಕರನ್ನು ಎತ್ತಿಕೊಂಡು ಹೋಗಿ ಎನ್ನುವುದು ಹೇಗೆ? ಮುಂದಿನ ಮಳೆಗೆ ಕೂತಾಗ ತಿದ್ದುಪಡಿ ಇಡುತ್ತೇನೆ. ಹಾಸಿಗೆ ಹಿಡಿದವರಿರುವ ಮನೆಯವರು ಬಾಗಿಲಿಗೆ ಹಸಿರು ಸೊಪ್ಪು ಕಟ್ಟಬೇಕು. ಅಂಥ ಬಾಗಿಲ ಮುಂದೆ ಮೆರವಣಿಗೆ ಹಾಯುವಾಗ ಡೋಲನ್ನು ಕೋಲಿನಿಂದ ಬಡಿಯಬಾರದು, ಅಂಗೈಯಿಂದ ಮಾತ್ರ. ಪೇಟೆಯ ಗೆಳೆಯ ಇದಕ್ಕೆ ಇನ್ನೂ ಹೂಂ ಅಂದಿಲ್ಲ. ಒಂದು ಬೀದಿಯಲ್ಲಿ ಎಷ್ಟು ಬಾಗಿಲಿಗೆ ಸೊಪ್ಪು ಬೀಳಬಹುದು ಎಂದು ಮೊದಲು ದಾಳ ಹಾಕಿ ನೋಡೋಣ ಅಂದಿದ್ದಾನೆ.